ಅವ್ವನ ಹಾಡಿನ ಕ್ಯಾಸೆಟ್

ನಾನು ಚಿಕ್ಕವಳಿದ್ದಾಗ ಒಬ್ಬರು ನಮ್ಮಪ್ಪನನ್ನು ‘ಪೈರೇಟ್’ ಎಂದು ಬೈದರು. ಕಣ್ಣಿಗೆ ಕಪ್ಪು ಪಟ್ಟಿ ಕಟ್ಟಿದ ಕಡಲ್ಗಳ್ಳನ ಚಿತ್ರ ಬರೆದು ತೋರಿಸಿದಿರಲ್ಲ ಮಕ್ಕಳೇ, ಅದೇ ಹೆಸರು! ಶಿರಸಿಗೆ ಕಡಲೆಲ್ಲಿಂದ ಬರಬೇಕು? ಅಪ್ಪನಿಗಿದ್ದದ್ದು ಬಸ್‌ಸ್ಟ್ಯಾಂಡಿನ ಹತ್ತಿರ ಒಂದು ಗೂಡಂಗಡಿ. ಜನ ಖಾಲಿ ಕ್ಯಾಸೆಟ್ ತಂದರೆ ಬೇಕಾದ ಸಿನಿಮಾ ಹಾಡು ತುಂಬಿಸಿಕೊಡುತ್ತಿದ್ದ.

ಗ್ರೀಕರ ಕಾಲದಲ್ಲಿ ಆ ಪದಕ್ಕೆ ‘ಕೈಹಾಕಿ ನೋಡುವವನು’ ಎಂಬಂಥ ಅರ್ಥವಿತ್ತಂತೆ. ಆಮೇಲೆ ಹಡಗು ದೋಚುವವನಿಗೆ ಆ ಹೆಸರು ಬಂತು. ಕೊನೆಗೆ ಇನ್ನೊಬ್ಬರ ಹಾಡನ್ನು ಅವರ ಒಪ್ಪಿಗೆಯಿಲ್ಲದೆ ನಕಲು ಮಾಡಿ ಮಾರುವವನಿಗೂ ಅದೇ ಅಂಟಿತು. ಇದನ್ನೆಲ್ಲ ಅಕ್ಕ ಎಷ್ಟೋ ದಿನದ ಮೇಲೆ ಹುಡುಕಿ ಹೇಳಿದ್ದು. ಅವತ್ತು ನನಗೆ ತಿಳಿದದ್ದು ಅದೊಂದು ಬೈಗುಳ ಎನ್ನುವುದಷ್ಟೇ.

ಅವತ್ತು ಮಧ್ಯಾಹ್ನ ಕ್ಯಾಸೆಟ್ ಕಂಪನಿಯ ಸಾಹೇಬರೊಬ್ಬರು ಪೊಲೀಸರನ್ನು ಕರೆದುಕೊಂಡು ಬಂದರು. ಅಪ್ಪನನ್ನು ಹಾಗೆ ಬೈದದ್ದು ಅವರೇ. ಕೈಬರಹದ ಚೀಟಿಯಿದ್ದ ಕ್ಯಾಸೆಟ್‌ಗಳನ್ನೆಲ್ಲ ಗೋಣಿಚೀಲಕ್ಕೆ ಸುರಿಸತೊಡಗಿದರು. ಅಕ್ಕ ನನ್ನ ಕೈ ಹಿಸುಕಿದಳು. ಅವುಗಳ ನಡುವೆ ಅವ್ವನ ಕ್ಯಾಸೆಟ್ಟೂ ಇತ್ತು. ತೀರಿಕೊಳ್ಳುವ ಮೊದಲು ಅವಳು ಹಾಡಿದ್ದ ಬೀಸುವ ಪದ ಅದರಲ್ಲಿತ್ತು. ಅವಳ ಧ್ವನಿ ಎಂದು ನಮಗೆ ಉಳಿದಿದ್ದು ಅದೊಂದೇ. ಹೊಸ ಕ್ಯಾಸೆಟ್ ಯಾಕೆ ಎಂದು ಅಪ್ಪ ಅದನ್ನು ಸಿನಿಮಾ ಹಾಡಿನ ಕ್ಯಾಸೆಟ್ಟಿನ ಹಿಂಬದಿಗೆ ತುಂಬಿಸಿದ್ದ. ಅವನ ಆ ಜುಗ್ಗತನಕ್ಕೆ ನನಗೆ ಈಗಲೂ ಸಿಟ್ಟು ಬರುತ್ತದೆ.

ನಾನು ಓಡಿಹೋಗಿ ಚೀಲದ ಬಾಯಿ ಹಿಡಿದುಕೊಂಡೆ. “ಅದರಾಗ ನಮ್ಮವ್ವ ಅದಾಳ್ರಿ, ಒಯ್ಯಬ್ಯಾಡ್ರಿ!”

ಸಾಹೇಬರು ನಾನು ತೋರಿಸಿದ ಕ್ಯಾಸೆಟ್ ಹಾಕಿದರು. ಸಿನಿಮಾ ಹಾಡು ಬಂತು. ಪೊಲೀಸರು ನಕ್ಕರು.

“ತಿರುವಿ ಹಾಕ್ರಿ,” ಎಂದೆ.

ಬರೀ ಸುಂಯ್ ಎನ್ನುವ ಸದ್ದು. ಆಮೇಲೆ ಅವ್ವ ಕೆಮ್ಮಿ, ಹಾಡತೊಡಗಿದಳು. ಅಪ್ಪ ಗೋಡೆಯ ಕಡೆ ತಿರುಗಿದ.

ಸಾಹೇಬರು ಹಾಡು ನಿಲ್ಲಿಸಿದರು. “ಆ ಕಡೆಯ ಸಿನಿಮಾ ಹಾಡು ಅಳಿಸಿ ಇಟ್ಕೊಳ್ಳಿ. ನನ್ನೆದುರಿಗೇ ಅಳಿಸಿ.”

ಅಳಿಸಬೇಕೆಂದರೆ ಅದರ ಮೇಲೆ ಬೇರೆ ಸದ್ದು ತುಂಬಿಸಬೇಕು. ತಪ್ಪಿ ಈಚೆ ಮಗ್ಗುಲಿಗೆ ತುಂಬಿಸಿದರೆ ಅವ್ವನೇ ಅಳಿಸಿಹೋಗುತ್ತಾಳೆ. ಅಪ್ಪ ಕ್ಯಾಸೆಟ್ ತಿರುವಿ ಹಾಕಿ ಸುರುಳಿ ಹಿಂದಕ್ಕೆ ಸುತ್ತಿದ. ರೆಕಾರ್ಡ್ ಮಾಡುವ ಕೆಂಪು ಗುಂಡಿಯ ಮೇಲೆ ಬೆರಳಿಟ್ಟ.

“ಇನ್ನೊಮ್ಮಿ ನೋಡಪಾ,” ಎಂದಳು ಅಕ್ಕ.

ಅಪ್ಪ ಕ್ಯಾಸೆಟ್ ತೆಗೆದು ನೋಡಿ, ಮತ್ತೆ ಹಾಕಿ, ಗುಂಡಿ ಒತ್ತಿದ. ಸುರುಳಿ ಮುಗಿಯುವವರೆಗೆ ಅದರ ಮೇಲೆ ಬಾಗಿಯೇ ನಿಂತಿದ್ದ. ಟೇಪ್‌ರೆಕಾರ್ಡರು ಅಂಗಡಿಯ ಸದ್ದನ್ನೇ ತುಂಬಿಕೊಳ್ಳುತ್ತಿತ್ತು. ಆಮೇಲೆ ತಿರುವಿ ಹಾಕಿ ಕೇಳಿದೆವು. ಅವ್ವ ಇದ್ದಳು. ಅಕ್ಕ ಜೋರಾಗಿ ಅತ್ತುಬಿಟ್ಟಳು.

ನಿಮ್ಮ ಅಮ್ಮನ ಧ್ವನಿ ನಿಮ್ಮ ಫೋನಿನ ತುಂಬ ಇದೆ. ಒಂದು ಅಳಿಸಿದರೆ ಇನ್ನೊಂದು ಕಡೆ ಸಿಗುತ್ತದೆ. ನಮಗೆ ಆ ಒಂದು ಕ್ಯಾಸೆಟ್ಟೇ ಎಲ್ಲ. ಅಪ್ಪ ಹೋದಮೇಲೆ ನಾನು ಅದರ ಎರಡೂ ಮಗ್ಗುಲು ಕೇಳುತ್ತೇನೆ. ಒಂದರಲ್ಲಿ ಅವ್ವ ಹಾಡುತ್ತಾಳೆ. ಇನ್ನೊಂದರಲ್ಲಿ ಬಸ್ಸಿನ ಹಾರ್ನುಗಳ ನಡುವೆ ಅಪ್ಪನ ಉಸಿರು ಕೇಳಿಸುತ್ತದೆ.