ನಮ್ಮ ಮಹಡಿಯಲ್ಲಿದ್ದ ನಟಿ

ಕಳೆದ ವಾರ ಮಣಿಪಾಲದ ಒಂದು ಬೇಕರಿಯ ಮುಂದೆ ಬಸ್ಸಿಗೆ ಕಾಯುತ್ತಿದ್ದೆ. ಒಳಗೆ ಯಾರೋ ಬನ್ನಿನ ತಟ್ಟೆ ಹೊರಗೆ ತೆಗೆದಿರಬೇಕು. ಬೆಣ್ಣೆ, ಏಲಕ್ಕಿ ಬೆರೆತ ಪರಿಮಳ ರಸ್ತೆಗೆ ಬಂತು. ಬಸ್ಸು ಬಂದು ಹೋಯಿತು, ನಾನು ಹತ್ತಲಿಲ್ಲ. ಕಾಪುವಿನ ನಮ್ಮ ಮನೆಯ ಮಹಡಿಯಿಂದ ಅದೇ ಪರಿಮಳ ಇಳಿದು ಬರುತ್ತಿದ್ದ ದಿನಗಳಿದ್ದವು...

ಮಹಡಿಯಲ್ಲಿ ಬಾಡಿಗೆಗೆ ಇದ್ದವರು ಸ್ವೀಡನ್ನಿನ ಒಬ್ಬ ನಟಿ, ಅರುವತ್ತು ದಾಟಿದವರು. ಮಣಿಪಾಲದಲ್ಲಿ ವಿದ್ಯಾರ್ಥಿಗಳಿಗೆ ಅಭಿನಯ ಕಲಿಸಲು ಬಂದಿದ್ದರು. ಸಮುದ್ರ ಕಾಣುವ ಮನೆಯೇ ಬೇಕೆಂದು ನಮ್ಮಲ್ಲಿಗೆ ಬಂದರು. ನಾವು ಮೇಡಂ ಎನ್ನುತ್ತಿದ್ದೆವು. ಮನೆಯಲ್ಲಿ ಇಂಗ್ಲಿಷ್ ಬರುತ್ತಿದ್ದದ್ದು ಕಾಲೇಜಿಗೆ ಹೋಗುತ್ತಿದ್ದ ನನಗೊಬ್ಬಳಿಗೆ. ಹಾಗಾಗಿ ಆಚೆಯ ಮಾತು ಈಚೆಗೆ ದಾಟಿಸುವ ಕೆಲಸ ನನ್ನದು.

ಸಂಜೆ ಅಮ್ಮ ಮೀನು ಶುಚಿ ಮಾಡುವಾಗ ಮೇಡಂ ಪಕ್ಕದಲ್ಲಿ ಮಣೆ ಹಾಕಿಕೊಂಡು ಕೂತು ತಮ್ಮ ನಟನೆಯ ದಿನಗಳ ಬಗ್ಗೆ ಹೇಳುತ್ತಿದ್ದರು. ಸಣ್ಣ ಊರಿನ ರಂಗಮಂದಿರದಲ್ಲಿ ದೀಪ ಹಿಡಿದು ನಿಲ್ಲುವ ಪಾತ್ರದಿಂದ ಶುರುವಾದದ್ದು, ಮತ್ತೆ ರಾಜಧಾನಿಯ ದೊಡ್ಡ ನಾಟಕಗಳು, ಸಿನಿಮಾ... ಜರ್ಮನಿಯಲ್ಲಿ, ಫ್ರಾನ್ಸಿನಲ್ಲಿ ಭಾಷೆ ಪೂರ್ತಿ ಬಾರದೆಯೂ ಕೇಳಿ ಕೇಳಿಯೇ ಮಾತು ಕಲಿತು ನಟಿಸಿದ್ದರು. ಅಮೆರಿಕದವರು ಮಾತ್ರ ಅವರ ಉಚ್ಚಾರಣೆ ಕೇಳಿ ಬರೀ ಗೂಢಚಾರಿಣಿಯ ಪಾತ್ರ ಕೊಟ್ಟರಂತೆ. "ಪ್ರತಿ ಸಿನಿಮಾದಲ್ಲೂ ಅರ್ಧದಲ್ಲೇ ನನ್ನನ್ನು ಕೊಂದುಬಿಡುತ್ತಿದ್ದರು," ಎಂದು ನಗುತ್ತಿದ್ದರು. ಬೇಸತ್ತು ತಮ್ಮ ಊರಿನ ರಂಗಕ್ಕೇ ಮರಳಿದರು. ಎಲ್ಲ ಕೇಳಿ ಅಮ್ಮ ಕೇಳಿದ್ದು ಇಷ್ಟೇ: "ಅಲ್ಲಿಗೆಲ್ಲ ಒಬ್ಬರೇ ಹೋದದ್ದಾ? ಊಟಕ್ಕೆ ಎಂತ ಮಾಡಿದ್ರಂತೆ, ಕೇಳು ಮಾರಾಯ್ತಿ."

ಒಂದು ದಿನ ಅಪ್ಪ ಅಂಗಡಿಯಿಂದ ಬೇಗ ಬಂದರು. ಪೇಟೆಯ ವಾಟ್ಸ್‌ಆ್ಯಪ್ ಗುಂಪಿನಲ್ಲಿ ಒಂದು ತುಣುಕು ಬಂದಿತ್ತು. ಮೇಡಂ ಹರೆಯದಲ್ಲಿ ನಟಿಸಿದ ಸಿನಿಮಾದ್ದು. ಒಬ್ಬ ಹೆಂಗಸು ಮೈಮೇಲಿನ ಬಟ್ಟೆಯೆಲ್ಲ ಕಳಚಿ ಕಡಲಿಗೆ ಇಳಿಯುತ್ತಾಳೆ, ಅಷ್ಟೇ. ಅದರ ಕೆಳಗೆ ನಮ್ಮವರು ಬರೆದ ಮಾತುಗಳನ್ನು ಇಲ್ಲಿ ಬರೆಯಲಾರೆ. ಬರೆದವರಲ್ಲಿ ನನ್ನ ಚಿಕ್ಕಪ್ಪನೂ ಇದ್ದರು; ಹಿಂದಿನ ವಾರವಷ್ಟೇ ಮೇಡಂ ಪಕ್ಕ ನಿಂತು ಫೋಟೊ ತೆಗೆಸಿಕೊಂಡವರು.

"ನಾಳೆಯೇ ಮನೆ ಖಾಲಿ ಮಾಡಲಿಕ್ಕೆ ಹೇಳು. ಅಂಗಡಿಗೆ ಬಂದವರೆಲ್ಲ ನನ್ನನ್ನು ನೋಡಿ ನಗ್ತಾರೆ," ಎಂದರು ಅಪ್ಪ.

"ಅದು ಪಾತ್ರ ಅಲ್ವಾ ಅಪ್ಪ..."

"ಇಂಗ್ಲಿಷ್ ಬರ್ತದೆ ಅಂತ ನನಗೆ ಪಾಠ ಹೇಳಬೇಡ."

ಅಮ್ಮ ಅಡುಗೆಮನೆಯ ಬಾಗಿಲಲ್ಲಿ ನಿಂತು ಕೇಳಿಸಿಕೊಂಡಳು, ಒಳಗೆ ಹೋದಳು.

ನಾನು ಮೆಟ್ಟಿಲು ಹತ್ತಿದೆ. ಅಪ್ಪ ಹಿಂದೆಯೇ ಬಂದರು. ಮೇಡಂ ಬನ್ನಿನ ಹಿಟ್ಟು ಮೆತ್ತಿದ ಕೈಯಲ್ಲೇ ಬಾಗಿಲು ತೆರೆದರು. ಮಾಡು ಸೋರುತ್ತದೆ, ರಿಪೇರಿ ಮಾಡಿಸಬೇಕು, ನಿಮಗೆ ಬೇರೆ ಮನೆ ನೋಡಬೇಕಾಗಬಹುದು ಎಂದು ಇಂಗ್ಲಿಷಿನಲ್ಲಿ ಹೇಳಿದೆ. ಮಳೆ ನಿಂತು ತಿಂಗಳುಗಳೇ ಆಗಿದ್ದವು.

ಅವರು ನನ್ನನ್ನು ನೋಡಿದರು. ಆಮೇಲೆ ಅಪ್ಪನ ಕಡೆ ತಿರುಗಿ, ಅಮ್ಮನಿಂದ ಕಲಿತ ಕನ್ನಡದಲ್ಲಿ, "ಆಯ್ತು. ನಾಳೆ," ಎಂದರು. ನಾಳೆ ಎಂದು ನಾನು ಹೇಳಿಯೇ ಇರಲಿಲ್ಲ. ಕೆಳಗಿನ ಮಾತೆಲ್ಲ ಮೇಲೆ ಕೇಳಿಸಿತ್ತು.

ಮರುದಿನ ಟ್ಯಾಕ್ಸಿ ಬಂತು. ಪೆಟ್ಟಿಗೆ ನಾನೇ ಎತ್ತಿಟ್ಟೆ. ಅಮ್ಮ ಹೊರಗೆ ಬರಲಿಲ್ಲ. ಮೇಡಂ ಅಡುಗೆಮನೆಯ ಕಿಟಕಿಯ ಕಡೆಗೆ ಸ್ವಲ್ಪ ಹೊತ್ತು ನೋಡಿ ಕಾರು ಹತ್ತಿದರು...

ಬೇಕರಿಯ ಮುಂದೆ ನಿಂತೇ ಫೋನಿನಲ್ಲಿ ಅವರ ಹೆಸರು ಹುಡುಕಿದೆ. ತೀರಿಕೊಂಡು ಎರಡು ವರ್ಷವಾಗಿತ್ತು. ಆ ಸಿನಿಮಾವೂ ಸಿಕ್ಕಿತು. ಭಾನುವಾರ ಟಿ.ವಿ.ಯಲ್ಲಿ ಹಾಕಿ, ಕೆಳಗೆ ಬರುವ ಇಂಗ್ಲಿಷ್ ಸಾಲುಗಳನ್ನು ಅಮ್ಮನಿಗೆ ಹೇಳುತ್ತಾ ಪೂರ್ತಿ ನೋಡಿದೆ. ದೋಣಿ ಮಗುಚಿ ಗಂಡನನ್ನು ಕಳೆದುಕೊಂಡವಳ ಕತೆ. ಹೆಣ ಕೂಡ ಸಿಗುವುದಿಲ್ಲ. ಅವಳು ನೀರಿಗೆ ಇಳಿಯುವುದು ಅವನನ್ನು ಹುಡುಕಿಕೊಂಡು. ನಮ್ಮವರು ಹಂಚಿದ ತುಣುಕು ಮುಗಿದ ಮರುಕ್ಷಣವೇ ಊರಿನ ಹೆಂಗಸರು ಕಂಬಳಿ ಹಿಡಿದು ಓಡಿ ಬರುತ್ತಾರೆ, ಉಟ್ಟ ಬಟ್ಟೆಯಲ್ಲೇ ನೀರಿಗಿಳಿದು ಅವಳನ್ನು ಸುತ್ತಿ ದಡಕ್ಕೆ ತರುತ್ತಾರೆ.

"ಅವತ್ತು ನಾನು ಹೊರಗೆ ಬರಬೇಕಿತ್ತು," ಎಂದಳು ಅಮ್ಮ.

ಅಂಗಳದಲ್ಲಿ ಅಪ್ಪನ ಸ್ಕೂಟರಿನ ಸದ್ದಾಯಿತು. ನಾನು ಟಿ.ವಿ. ಆರಿಸಲು ಹೋದೆ.

"ಇರಲಿ, ಮೊದಲಿಂದ ಹಾಕು. ಅವರೂ ನೋಡಲಿ."

ಅಪ್ಪ ಕೂರಲಿಲ್ಲ. ಬಾಗಿಲಲ್ಲೇ ನಿಂತು ಕೊನೆಯವರೆಗೂ ನೋಡಿದರು. ಇನ್ನು ಏನು ಹೇಳಿದರೂ ಕೇಳಿಸಿಕೊಳ್ಳಲು ಮೇಡಂ ಈಗ ಎಲ್ಲಿದ್ದಾರೆ...