ಕೂಗದೆ ಹಚ್ಚಿದ ಬೆಂಕಿ

ನಾನು ಹಾಲಹರವಿ ಕಡೆಯವಳು. ಐವತ್ತರ ದಶಕದಲ್ಲಿ ಮದುವೆಯಾಗಿ ದೇವನಕೊಂಡದ ಹತ್ತಿರದ ಊರಿಗೆ ಬಂದೆ. ಅಲ್ಲಿ ಮುಂಗಾರಿಗೆ ಮುಂಚೆ ಗುಡ್ಡದ ಒಣಹುಲ್ಲಿಗೆ ಬೆಂಕಿ ಹಚ್ಚುತ್ತಿದ್ದರು. ಹಳೆಯದು ಸುಟ್ಟರೆ ಮೊದಲ ಮಳೆಗೇ ದನಗಳಿಗೆ ಎಳೆಹುಲ್ಲು. ಹಚ್ಚುವ ಮುಂಚೆ ಸರದಿಯ ಮನೆಯ ಹೆಂಗಸೊಬ್ಬಳು ಬಂಡೆ ಹತ್ತಿ, ಆಚೆ ಕಟ್ಟಿಗೆಗೆ ಹೋದವರು ಇಳಿದು ಬರಲೆಂದು ಮೂರು ಸಲ ಕೂಗಬೇಕು. ಆ ವರ್ಷ ಸರದಿ ನಮ್ಮದು, ಅಂದರೆ ನನ್ನದು.

ಮದುವೆಯಾಗಿ ಎರಡೇ ತಿಂಗಳು. ಮಾವನವರ ಎದುರು ಹೊಸ ಸೊಸೆ ದನಿ ಎತ್ತುವುದುಂಟೇ? ಕೆಳಗೆ ಮಾವ, ಭಾವಂದಿರು, ಊರ ಹಿರಿಯರು ಎಲ್ಲ ನನ್ನನ್ನೇ ನೋಡುತ್ತಿದ್ದರು. "ಬೆಂಕಿ ಹಚ್ತಾರ, ಇಳೀರಿ" ಅಂದೆ. ಪಕ್ಕದ ಓತಿಕ್ಯಾತಕ್ಕೂ ಕೇಳಿಸಿರಲಾರದು. ಮೂರು ಸಲ ತುಟಿ ಅಲ್ಲಾಡಿಸಿ ಇಳಿದುಬಂದೆ. ಗಾಳಿಯ ಸದ್ದಿಗೆ ತಮಗೆ ಕೇಳಿಸಲಿಲ್ಲ ಅಷ್ಟೇ ಎಂದುಕೊಂಡು, ಕೆಳಗಿದ್ದವರು ನಾನು ಕೂಗಿದೆನೆಂದೇ ತಿಳಿದರು. ಆ ನಾಚಿಕೆಯ ಮನೆ ಹಾಳಾಗ!

ಬೆಂಕಿ ಹಚ್ಚಿದ ಮೇಲೆ ಗಾಳಿ ತಿರುಗಿತು. ಸೀತಾಫಲದ ಪೊದೆಗಳೂ ಹತ್ತಿಕೊಂಡು ಉರಿ ಗುಡ್ಡದ ಆಚೆಗೆ ದಾಟಿತು. ಮೊಲ, ಕೌಜುಗಗಳು ನಮ್ಮ ಕಾಲ ಸಂದಿಯಲ್ಲೇ ಓಡಿದವು. ಅವುಗಳ ಹಿಂದೆ, ಹೊಗೆಯೊಳಗಿಂದ, ನನ್ನ ಅತ್ತೆ ಬಂದರು. ಬೆಳಿಗ್ಗೆಯೇ ಕಟ್ಟಿಗೆಗೆ ಹೋಗಿದ್ದು ನಮಗಾರಿಗೂ ತಿಳಿದಿರಲಿಲ್ಲ. ಅವರ ಎರಡೂ ಪಾದ ಬೆಂದಿದ್ದವು.

"ಸೊಸಿ ಮೂರು ಸಲ ಕೂಗ್ಯಾಳ, ನಿನ್ನ ಕಿವಿಗೇನಾಗಿತ್ತು?" ಎಂದು ಮಾವ ಚೀರಿದರು.

ಅತ್ತೆ ನನ್ನನ್ನೊಮ್ಮೆ ನೋಡಿದರು. "ಕೂಗಿದ್ಲು, ನನಗ ಕೇಳ್ತು. ಇನ್ನೊಂದು ಹೊರಿ ಆಗ್ಲಿ ಅಂತ ನಾನ ನಿಂತೆ."



ಹದಿನೈದು ದಿನಕ್ಕೆ ಮಳೆ ಬಂತು. ಕರಿ ಬೂದಿಯ ಗುಡ್ಡ ಕಣ್ಣು ಕುಕ್ಕುವಷ್ಟು ಹಸಿರಾಯಿತು. ಇಂಥ ಹುಲ್ಲು ಕಂಡೇ ಇಲ್ಲವೆಂದು ಊರವರು ಹಿಗ್ಗಿದರು. ನಾನು ಆ ಕಡೆ ತಲೆ ಎತ್ತದೆ ನೀರಿಗೆ ಹೋಗಿ ಬರುತ್ತಿದ್ದೆ. ಅತ್ತೆಗೆ ಹೊಸ್ತಿಲು ದಾಟಲಾಗುತ್ತಿರಲಿಲ್ಲ. ಒಂದು ದಿನ ಅವರ ಪಾದಕ್ಕೆ ಎಣ್ಣೆ ಸವರುತ್ತಾ ಅತ್ತುಬಿಟ್ಟೆ. "ನಾ ಕೂಗಿಲ್ರಿ ಅತ್ತಿ. ಮಾವಾರು ಇದ್ರಂತ ನಾಚಿದೆ."

"ಗೊತ್ತೈತಿ," ಅಂದರು. "ನಾನೂ ಸೊಸಿಯಾಗೇ ಈ ಮನಿಗೆ ಬಂದಾಕಿ. ಮುಂದಿನ ವರ್ಷ ನಾ ಇಲ್ಲೇ ಕುಂತಿರ್ತೀನಿ. ಇಲ್ಲೀತನಕ ಕೇಳೋಹಂಗ ಕೂಗವ್ವ."

ಮುಂದಿನ ಬೇಸಿಗೆ ಸರದಿ ಬೇರೆಯವರದು. ಆದರೂ ನಾನೇ ಬಂಡೆ ಹತ್ತಿದೆ. ಗಂಟಲು ಹರಿಯುವಂತೆ ಕೂಗಿದೆ. ಮಾವ ತಲೆ ಎತ್ತಿ ನೋಡಿದರು. ನೋಡಲಿ! ಆಚೆಯ ಕೊರಕಲಿನಿಂದ ಇಬ್ಬರು ಮುದುಕಿಯರು ಹೊರೆ ಬಿಟ್ಟು ಮೇಲೆ ಬಂದರು. ಅವರು ಬಯಲು ಮುಟ್ಟುವವರೆಗೆ ನಾನು ಬಂಡೆ ಬಿಟ್ಟು ಇಳಿಯಲಿಲ್ಲ.