ಬರಡು ನೆಲದ ಪೆಟ್ಟಿಗೆ

ಆ ಪ್ರಾಂತ್ಯದ ಹೊಟ್ಟೆಯೊಳಗೆ ಏನಿದೆ ಎಂಬುದನ್ನು ಮಂತ್ರಿಗಳಿಗಿಂತ ಚೆನ್ನಾಗಿ ಬಲ್ಲವನು ಪೆಟ್ಟಿಗೆ ಮಾವ. ತಾಮ್ರದ ಗಣಿಯ ಕೋರ್ ಶೆಡ್ಡಿನಲ್ಲಿ ಮೂವತ್ತೊಂದು ವರ್ಷದಿಂದ ಅವನದೇ ಕಾರುಬಾರು. ಯಂತ್ರ ನೆಲ ಕೊರೆದು ಮೇಲೆತ್ತಿದ, ಲಟ್ಟಣಿಗೆ ಗಾತ್ರದ ಕಲ್ಲಿನ ಕೋಲುಗಳನ್ನು ತೊಳೆದು, ಆಳದ ಪ್ರಕಾರ ಉದ್ದನೆಯ ಪೆಟ್ಟಿಗೆಗಳಲ್ಲಿ ಜೋಡಿಸಿ, ಮೇಲೆ ನಂಬರು ಬರೆದಿಡುವುದು ಅವನ ಕೆಲಸ. ಆ ಕೋಲುಗಳಲ್ಲಿ ತಾಮ್ರದ ಅದಿರಿನ ಹಳದಿ ಮಿನುಗಿದರೆ ಮುಗಿಯಿತು, ಗುಡ್ಡಕ್ಕೆ ಗುಡ್ಡವೇ ಮಾಯ. ಅದಿರು ರೈಲು ಹತ್ತಿ ಬಂದರಿಗೆ ಹೋಗುತ್ತಿತ್ತು. ಪಕ್ಕದ ಗಣಿಯ ಕಲ್ಲಿದ್ದಲು ವಿದ್ಯುತ್ ಸ್ಥಾವರಕ್ಕೆ, ಅಲ್ಲಿನ ವಿದ್ಯುತ್ತು ಕುಲುಮೆಗಳಿಗೆ. ಮಾವನ ಬೀದಿಗೆ ಬರುತ್ತಿದ್ದುದು ಧೂಳು ಮಾತ್ರ. ಒಮ್ಮೆ ಮನೆಯ ವೈರು ಸುಟ್ಟುಹೋದಾಗ ಅಂಗಡಿಯವನು ಕೊಟ್ಟ ತಾಮ್ರದ ವೈರಿನ ಮೇಲೆ ಸಮುದ್ರದಾಚೆಯ ದೇಶದ ಹೆಸರಿತ್ತು. “ಮಗಳು ತವರಿಗೆ ಬಂದ್ಲು ನೋಡು” ಎಂದು ಮಾವ ನಕ್ಕಿದ್ದ.

ಮದುವೆಯಾಗದ ಅವನಿಗೆ ಮನೆಯಲ್ಲಿ ಇದ್ದವಳು ಅಕ್ಕ ಒಬ್ಬಳೇ. ಕುಲುಮೆಯ ಆಮ್ಲದ ವಿಭಾಗದಲ್ಲಿ ದುಡಿದು ಎರಡೂ ಕಣ್ಣು ಕಳೆದುಕೊಂಡವಳು. ಕಂಪನಿಯವರು ಅವಳಿಗೊಂದು ಗೋಡೆ ಗಡಿಯಾರ ಕೊಟ್ಟು ಬೀಳ್ಕೊಟ್ಟಿದ್ದರು. ಎಂಥ ಪುಣ್ಯಾತ್ಮರು! ಮನೆ ಬಾಗಿಲಿನಿಂದ ನಲ್ಲಿಗೆ ಅರವತ್ತೆರಡು ಹೆಜ್ಜೆ, ಅಲ್ಲಿಂದ ಎಡಕ್ಕೆ ಹನ್ನೊಂದು ಹೆಜ್ಜೆಗೆ ಅವಳು ಗುಂಡಿ ಹಾಕಿಕೊಡುತ್ತಿದ್ದ ದರ್ಜಿ ಅಂಗಡಿ. ಇಪ್ಪತ್ತು ವರ್ಷದಿಂದ ಆ ಬೀದಿಯಲ್ಲಿ ಅವಳಿಗೆ ಯಾರ ಕೈಯೂ ಬೇಕಾಗಿರಲಿಲ್ಲ. ಈ ಬೀದಿ ಕೈತಪ್ಪಿದರೆ ಅವಳು ಹಾಸಿಗೆ ಹಿಡಿಯುತ್ತಾಳೆ ಎಂಬುದು ತಮ್ಮನಿಗೆ ಗೊತ್ತಿತ್ತು.

ಅದೇ ನಲ್ಲಿಯ ಹಿಂದೆ ಒಂದು ಬೆಳಿಗ್ಗೆ ಕೊರೆಯುವ ಯಂತ್ರ ಬಂದು ನಿಂತಿತು. ನಾಲ್ಕನೆಯ ದಿನ ಪೆಟ್ಟಿಗೆಗಳು ಶೆಡ್ಡಿಗೆ ಬಂದವು. ಮಾವ ನೀರು ಸುರಿದು ನೋಡಿದ. ಒಂದು ಪೆಟ್ಟಿಗೆಯ ಕಲ್ಲಿನ ಉದ್ದಕ್ಕೂ ಹಳದಿ ಮಿನುಗುತ್ತಿತ್ತು. ಇಷ್ಟು ಒಳ್ಳೆಯ ಅದಿರನ್ನು ಅವನು ಹತ್ತು ವರ್ಷದಿಂದ ಕಂಡಿರಲಿಲ್ಲ.

ಕಲ್ಲು ಪರೀಕ್ಷಿಸುವ ಮೇಡಂ ಬರುವುದು ಮರುದಿನ. ಊಟದ ಹೊತ್ತು, ಶೆಡ್ಡಿನಲ್ಲಿ ನರಪಿಳ್ಳೆಯೂ ಇಲ್ಲ. ಒಂದು ಚೂರನ್ನೂ ಹಿಂದೆಮುಂದೆ ಮಾಡಿ ಗೊತ್ತಿಲ್ಲದ ಆ ಕೈ, ಯಾರಿಗೂ ಬೇಡವಾದ ಹಳೆಯ ಪೆಟ್ಟಿಗೆಯೊಂದರಿಂದ ಬೂದು ಕಲ್ಲುಗಳನ್ನು ತಂದು ಆ ಹೊಸ ಪೆಟ್ಟಿಗೆಗೆ ತುಂಬಿತು. ಮಿನುಗುವ ಕೋಲುಗಳು ಹಳೆಯ ಪೆಟ್ಟಿಗೆ ಸೇರಿ ಮೇಲಿನ ಅಟ್ಟ ಹತ್ತಿದವು.

ಮರುದಿನ ಮೇಡಂ ಭೂತಗನ್ನಡಿ ಹಿಡಿದು ನೋಡಿದಳು. “ಏನೂ ಇಲ್ವಲ್ಲ ಮಾವ?”

“ಇಲ್ಲ ಮೇಡಂ. ಬರೀ ಬರಡು.”

“ಒಳ್ಳೇದೇ ಆಯ್ತು ಬಿಡಿ.”

ಆ ಮಾತನ್ನು ಅವನು ಕಿವಿಗೇ ಹಾಕಿಕೊಳ್ಳಲಿಲ್ಲ. ಬೀದಿ ಉಳಿಯಿತೆಂಬ ಸಂತೋಷದಲ್ಲಿ ಅವನ ಕಾಲು ನೆಲದ ಮೇಲಿರಲಿಲ್ಲ. ಸಂಜೆ ಅಕ್ಕನಿಗೆ ಹೊಸ ಚಪ್ಪಲಿ ತಂದ. ಯಾಕೋ ಈ ದುಂದುಗಾರಿಕೆ ಎಂದು ಅವಳು ಬೈದಳು.

ಎರಡು ತಿಂಗಳ ನಂತರ ಅಳತೆಯವನು ಬಂದು ಬೀದಿಯ ತುಂಬ ಕೆಂಪು ಗೂಟ ಹೊಡೆದ. ಮನೆಮನೆಗೂ ನೋಟಿಸು ಅಂಟಿತು. ಮಾವ ಓಡಿಹೋಗಿ ಅವನ ತೋಳು ಹಿಡಿದ.

“ಇಲ್ಲಿ ಅದಿರೇ ಇಲ್ವಲ್ಲಪ್ಪ, ಯಾಕೆ ಗೂಟ?”

“ಇಲ್ಲ ಅಂತ್ಲೇ ಗೂಟ. ಗಣಿಯ ಕಸದ ಕಲ್ಲು ಸುರಿಯೋಕೆ ಹಳೇ ಜಾಗ ತುಂಬಿಹೋಗಿದೆ. ಅದಿರಿರೋ ನೆಲದ ಮೇಲೆ ಸುರಿಯೋ ಹಾಗಿಲ್ಲ, ಅದಕ್ಕೇ ಮೊದ್ಲು ಕೊರೆದು ನೋಡೋದು. ಬರಡು ಅಂತ ಬಂತು, ಪಾಸಾಯ್ತು.”

“ಅದಿರು ಇದ್ದಿದ್ರೆ?”

“ಇದ್ದಿದ್ರೆ ಕಸಕ್ಕೆ ಬೇರೆ ಜಾಗ ಹುಡುಕ್ತಿದ್ರು. ಗಣಿ ಇಲ್ಲೀತನಕ ಬರೋಕೆ ಇನ್ನೂ ಇಪ್ಪತ್ತು ವರ್ಷ ಬೇಕು. ಬಂದ್ರೂ ಅದಿರಿನ ಮೇಲಿದ್ದೋರಿಗೆ ಬದಲಿ ಮನೆ, ಮನೆಗೊಂದು ಕೆಲಸ. ಬರಡು ನೆಲದೋರಿಗೆ ಏನಿದೆ? ಖಾಲಿ ಮಾಡಿ ಅನ್ನೋ ಒಂದು ಚೀಟಿ.”

ಮೂವತ್ತೊಂದು ವರ್ಷ ಗಣಿಯ ಉಪ್ಪುಂಡವನಿಗೆ ಇಷ್ಟು ತಿಳಿದಿರಲಿಲ್ಲ. ಇಲ್ಲಿಯವರೆಗೆ ಅವನು ಕಂಡದ್ದೆಲ್ಲ ಅದಿರು ಹುಡುಕಲು ಕೊರೆದದ್ದೇ. ಅದಿರು ಇಲ್ಲವೆಂದು ಖಾತ್ರಿ ಮಾಡಿಕೊಳ್ಳಲೂ ಕೊರೆಯುತ್ತಾರೆಂದು ಯಾರೂ ಹೇಳಿರಲಿಲ್ಲ. ಶೆಡ್ಡು ಗುಡಿಸುವವನಿಗೂ ಪೆಟ್ಟಿಗೆ ಜೋಡಿಸುವವನಿಗೂ ಅಂಥದ್ದನ್ನೆಲ್ಲ ಯಾರು ಹೇಳುತ್ತಾರೆ!

ಅಟ್ಟದ ಪೆಟ್ಟಿಗೆ ಇಳಿಸಿ ನಿಜ ಹೇಳಿದ್ದರೆ ಬೀದಿ ಉಳಿಯುತ್ತಿತ್ತು. ಮೂರು ಸಲ ಮೇಡಂ ಕೋಣೆಯ ಬಾಗಿಲಿಗೆ ಹೋದ. ಕೆಲಸ ಹೋಗುತ್ತದೆ, ಜೈಲೂ ಆದೀತು, ಅಕ್ಕನಿಗೆ ಯಾರು ದಿಕ್ಕು? ಮೂರನೆಯ ಸಲ ಅವಳೇ ತಲೆಯೆತ್ತಿ “ಏನ್ ಮಾವ?” ಎಂದಳು. “ಬರೆಯೋಕೆ ಮಾರ್ಕರ್ ಬೇಕಿತ್ತು” ಎಂದು ಅದನ್ನು ಇಸಿದುಕೊಂಡು ಬಂದ. ಹೇಡಿ ಎನ್ನಿ, ಅವನೂ ತನ್ನನ್ನು ಹಾಗೆಯೇ ಬೈದುಕೊಂಡ.

ಮನೆ ಖಾಲಿ ಮಾಡುವ ದಿನ ಅಕ್ಕ ಅರವತ್ತೆರಡು ಹೆಜ್ಜೆ ನಡೆದು ನಲ್ಲಿಯನ್ನು ಮುಟ್ಟಿ ನಿಂತಳು.

“ತಮ್ಮಾ, ನೀನು ಕಲ್ಲು ನೋಡೋನು. ನಮ್ಮ ಕಾಲ ಕೆಳಗೆ ನಿಜವಾಗ್ಲೂ ಏನೂ ಇರ್ಲಿಲ್ವೇನೋ?”

“ಏನೂ ಇರ್ಲಿಲ್ಲ ಅಕ್ಕ.”

“ನಮ್ಮ ಹಣೆಬರಹ, ಬಿಡು. ಇನ್ನು ಮುಂದೆ ದಾರಿ ನಂಗೆ ಗೊತ್ತಿಲ್ಲ, ನೀನೇ ಹಿಡ್ಕೊ” ಎಂದು ಅವಳು ಕೈ ಚಾಚಿದಳು. ಕಲ್ಲು ಬದಲಿಸಿದ ಅದೇ ಕೈಯನ್ನು ಅವನು ಅವಳಿಗೆ ಕೊಟ್ಟ.